ಅಮೀರಬಾಯಿ ಕರ್ನಾಟಕಿ: ನಮ್ಮ ಮನೆಯ ಖಾತೆಯಲ್ಲೊಂದು ಬಾಕಿ

ವ್ಯಾಪಾರಸ್ಥರ ಮನೆಯಲ್ಲಿ ಹುಟ್ಟಿ ಬೆಳೆದವನಿಗೆ ಋಣವೆಂದೊಡನೆ ಖಾತೆಯ ಪುಸ್ತಕವೇ ಕಣ್ಣೆದುರಿಗೆ ಬರುತ್ತದೆ. ಹಣದ ಬಾಕಿಗೆ ಒಂದು ಅನುಕೂಲವಿದೆ. ಅದಕ್ಕೆ ಅಂಕಿಯುಂಟು, ತಾರೀಖುಂಟು; ತೀರಿಸಿದ ದಿನ ಗೆರೆ ಎಳೆದು ನಿಶ್ಚಿಂತರಾಗಬಹುದು. ಅಂಕಿಯಿಲ್ಲದ ಬಾಕಿಗಳು ಹಾಗಲ್ಲ. ಅವು ಯಾವ ಪುಟದಲ್ಲಿಯೂ ಕಾಣಿಸದೆ ತಲೆಮಾರಿನಿಂದ ತಲೆಮಾರಿಗೆ ಮುಂದುವರಿಯುತ್ತ ಹೋಗುತ್ತವೆ. ಅಂಥ ಒಂದು ಬಾಕಿಯನ್ನು ಕುರಿತು ಈ ನಾಲ್ಕು ಮಾತು. ಬಾಕಿ ಸಲ್ಲಬೇಕಾದದ್ದು ಒಬ್ಬ ಗಾಯಕಿಗೆ, ನಟಿಗೆ. ಅವರ ಹೆಸರು ಅಮೀರಬಾಯಿ ಕರ್ನಾಟಕಿ.

ನಮ್ಮದು ಬ್ಯಾಡಗಿ. ಮೆಣಸಿನಕಾಯಿಯ ದಲಾಲಿ ಅಂಗಡಿ, ಅದರ ಮಗ್ಗುಲಲ್ಲಿ ಸಣ್ಣದೊಂದು ಕಿರಾಣಿ ವ್ಯಾಪಾರ. ಬೀಗರು, ನೆಂಟರು ಒಂದು ಕಡೆ ಹಾವೇರಿಯಲ್ಲಿ, ಇನ್ನೊಂದು ಕಡೆ ರಾಣೆಬೆನ್ನೂರಿನಲ್ಲಿ. ಮೂರೂ ಊರುಗಳು ಒಂದೇ ರೈಲು ಮಾರ್ಗದ ಮೇಲಿರುವುದರಿಂದ ನಮ್ಮ ಬಾಲ್ಯವೆಲ್ಲ ಈ ಮೂರು ನಿಲ್ದಾಣಗಳ ನಡುವೆಯೇ ಕಳೆಯಿತು. ತಾಯಿಯ ತವರು ಮಾತ್ರ ದೂರದ ವಿಜಾಪುರ. ಅದಕ್ಕೆ ಈಗ ವಿಜಯಪುರವೆಂಬ ಹೆಸರು.

ಮನೆಯಲ್ಲಿ ಒಂದು ಗ್ರಾಮಫೋನ್ ಇತ್ತು. ರಾಣೆಬೆನ್ನೂರಿನ ನಮ್ಮ ಸೋದರತ್ತೆಯವರ ಮನೆಯಲ್ಲಿ ರೇಡಿಯೋ ಬಂದ ಮೇಲೆ ಅವರು ಅದನ್ನು ಹತ್ತಾರು ತಟ್ಟೆಗಳೊಡನೆ ನಮಗೆ ಕೊಟ್ಟಿದ್ದರು. ಆ ತಟ್ಟೆಗಳಲ್ಲಿ ಅಜ್ಜನವರಿಗೆ ಅತ್ಯಂತ ಪ್ರಿಯವಾದದ್ದು ನರಸಿ ಮೆಹ್ತಾನ ‘ವೈಷ್ಣವ ಜನ ತೋ’ ಭಜನೆ. ಸೂರ್ಯಾಸ್ತಕ್ಕೆ ಮೊದಲೇ ಊಟ ಮುಗಿಸಿ ಪಡಸಾಲೆಯಲ್ಲಿ ಕುಳಿತು ಅವರು ಅದನ್ನು ಹಾಕಿಸುತ್ತಿದ್ದರು. ಪರರ ನೋವನ್ನು ತನ್ನದೆಂದು ಅರಿಯುವವನೇ ಸಜ್ಜನನೆಂಬ ಅದರ ಭಾವವನ್ನು ನಮಗೆ ಬಿಡಿಸಿ ಹೇಳುತ್ತಿದ್ದರು. ಹಾಡುತ್ತಿದ್ದುದು ಒಂದು ಹೆಣ್ಣು ಕಂಠ. ಯಾರ ಕಂಠವೆಂದು ಅಜ್ಜನವರು ಎಂದೂ ಕೇಳಿರಲಿಲ್ಲ. ತಟ್ಟೆಯ ಮೇಲಿನ ಅಕ್ಷರಗಳು ಇಂಗ್ಲಿಷಿನವು. ಅವರಿಗೆ ಬರುತ್ತಿದ್ದುದು ಕನ್ನಡ ಮತ್ತು ಮೋಡಿ.

1969 ಗಾಂಧೀಜಿಯವರ ಜನ್ಮಶತಾಬ್ದಿಯ ವರ್ಷ. ಶಾಲೆಯಲ್ಲಿ ಭಜನೆ ಹಾಡಲು ನನ್ನನ್ನು ಆರಿಸಿದ್ದರು. ತಾಯಿಯವರು ಆ ತಟ್ಟೆಯನ್ನು ಮತ್ತೆ ಮತ್ತೆ ಹಾಕಿ ನನಗೆ ಕಲಿಸಿದರು. ಒಂದು ಸಂಜೆ ಅಜ್ಜನವರು ಸಂತೋಷದಿಂದ, ಇಷ್ಟು ಶುದ್ಧವಾಗಿ ಹಾಡಿದ ಈ ಪುಣ್ಯವಂತೆ ಯಾರಿರಬಹುದು ಎಂದು ತಮ್ಮಷ್ಟಕ್ಕೆ ತಾವೇ ಎಂಬಂತೆ ನುಡಿದರು. ಮಾವನ ಎದುರು ಎಂದೂ ಮಾತನಾಡದ ತಾಯಿಯವರು ಅಂದು ಅಡಿಗೆಮನೆಯ ಬಾಗಿಲಲ್ಲಿ ನಿಂತು, “ಆಕಿ ನಮ್ಮ ವಿಜಾಪುರದ ಕಡಿಯಾಕೀರಿ, ಅಮೀರಬಾಯಿ ಅಂತ. ಸಿನಿಮಾದಾಗ ಇದ್ಲು. ಆಕೀ ಹೆಸರಿನ ಟಾಕೀಜ ನಮ್ಮೂರಾಗ ಐತ್ರಿ” ಎಂದರು. ಅವರ ದನಿಯಲ್ಲಿ ತವರಿನ ಹೆಮ್ಮೆಯಿತ್ತು.

ಅಜ್ಜನವರು ಬಹಳ ಹೊತ್ತು ಸುಮ್ಮನಿದ್ದರು. ಆಮೇಲೆ, “ಭಜನಿ ಛಲೋ ಐತಿ, ಖರೆ. ಆದ್ರ ಇನ್ನ ಮ್ಯಾಲ ಆ ತಟ್ಟಿ ಹಾಕೂದು ಬ್ಯಾಡ” ಎಂದರು. ತಟ್ಟೆ ಅಟ್ಟವನ್ನು ಸೇರಿತು. ಶಾಲೆಯಲ್ಲಿ ನಾನು ಭಜನೆಯನ್ನು ಹಾಡಿದೆ, ಬಹುಮಾನವೂ ಬಂದಿತು. ತಾಯಿಯವರು ಮಾತ್ರ ಆ ಮೇಲೆ ಮನೆಯಲ್ಲಿ ಗಟ್ಟಿಯಾಗಿ ಹಾಡಿದ್ದನ್ನು ನಾನು ಕೇಳಲಿಲ್ಲ.

ಅಜ್ಜನವರು ಕಠಿಣ ಹೃದಯದವರಾಗಿರಲಿಲ್ಲ. ಬರಗಾಲದಲ್ಲಿ ಜಾತಿ ಕೇಳದೆ ಜೋಳ ಅಳೆದವರು. ‘ನಾಟಕದವರು, ಸಿನಿಮಾದವರು’ ಎಂಬ ಒಂದು ಶಬ್ದ ಅವರ ವಿವೇಕದ ಬಾಗಿಲಿಗೆ ಅಗುಳಿ ಹಾಕುತ್ತಿತ್ತು, ಅಷ್ಟೆ. ಆ ಅಗುಳಿ ಅವರೊಬ್ಬರದಾಗಿರಲಿಲ್ಲ, ಇಡೀ ಕಾಲದ್ದಾಗಿತ್ತು. ಅಮೀರಬಾಯಿಯವರ ಬಾಳಿನ ಸಂಗತಿಗಳನ್ನು ನೋಡಿದರೆ ಇದು ತಿಳಿಯುತ್ತದೆ.

ಅವರು ಹುಟ್ಟಿದ್ದು ಅಂದಿನ ವಿಜಾಪುರ ಜಿಲ್ಲೆಯ ಬೀಳಗಿಯಲ್ಲಿ. 1997ರಿಂದ ಅದು ಬಾಗಲಕೋಟೆ ಜಿಲ್ಲೆಗೆ ಸೇರಿದೆ. ಹಾಡು, ನಾಟಕಗಳನ್ನೇ ನಂಬಿದ ಮುಸಲ್ಮಾನ ಕುಟುಂಬ. ಅಕ್ಕತಂಗಿಯರಲ್ಲಿ ಇಬ್ಬರು ಹೆಸರು ಗಳಿಸಿದರು, ಅಮೀರಬಾಯಿ ಮತ್ತು ಗೋಹರಬಾಯಿ. ಇಬ್ಬರೂ ಮುಂಬಯಿಯನ್ನು ಸೇರಿದರು. ‘ಕರ್ನಾಟಕಿ’ ಎಂಬುದು ಇಬ್ಬರ ಹೆಸರಿನ ಕೊನೆಗೂ ನಿಂತಿತು. ಕರ್ನಾಟಕವೆಂಬ ಹೆಸರಿನ ರಾಜ್ಯವೇ ಇಲ್ಲದ ಆ ಕಾಲದಲ್ಲಿ, ಮುಂಬಯಿಯ ಚಿತ್ರಗಳ ಹೆಸರುಪಟ್ಟಿಯಲ್ಲಿ ನಾಡಿನ ಹೆಸರನ್ನು ಹೊತ್ತು ನಿಂತವರು ಈ ಇಬ್ಬರು ಹೆಣ್ಣುಮಕ್ಕಳು. ನಮ್ಮ ರಾಜ್ಯಕ್ಕೆ ಆ ಹೆಸರು ಬಂದದ್ದು 1973ರಲ್ಲಿ.

ಅಮೀರಬಾಯಿಯವರ ಚಿತ್ರಜೀವನ 1934ರ ‘ವಿಷ್ಣುಭಕ್ತಿ’ಯಿಂದ ಆರಂಭವಾಯಿತು. ಅಂದಿನ ಚಿತ್ರಗಳಲ್ಲಿ ನಟಿಸುವವರೇ ಹಾಡಲೂಬೇಕಾಗಿತ್ತು. 1940ರಲ್ಲಿ ವಿಜಯ ಭಟ್ಟರು ತೆಗೆದ ‘ನರ್ಸಿ ಭಗತ್’ ಚಿತ್ರದ ಪಾತ್ರವರ್ಗದಲ್ಲಿ ಅವರಿದ್ದರು. ಗಾಂಧೀಜಿಯವರ ಮೆಚ್ಚಿನ ಆ ಭಜನೆ ಅವರ ಕಂಠದಿಂದ ನಮ್ಮ ಮನೆಯಂಥ ಅನೇಕ ಮನೆಗಳನ್ನು ಮುಟ್ಟಿತು. ಆದರೆ ಅವರ ಹೆಸರು ದೇಶದಾದ್ಯಂತ ಹಬ್ಬಿದ್ದು 1943ರಲ್ಲಿ ಬಾಂಬೆ ಟಾಕೀಸಿನ ‘ಕಿಸ್ಮತ್’ ಚಿತ್ರದಿಂದ. ಸಂಗೀತ ಅನಿಲ್ ಬಿಸ್ವಾಸರದು, ಗೀತೆಗಳು ಕವಿ ಪ್ರದೀಪರವು. ಕಲಕತ್ತೆಯ ಒಂದೇ ಚಿತ್ರಮಂದಿರದಲ್ಲಿ ಅದು ಮೂರು ವರ್ಷಕ್ಕೂ ಮಿಕ್ಕಿ ನಡೆಯಿತು. ಪರದೇಶಿಯರೇ ದೂರ ಸರಿಯಿರಿ, ಇದು ನಮ್ಮ ನಾಡು ಎಂಬ ಅರ್ಥದ ಒಂದು ಸಮೂಹಗೀತೆ ಅದರಲ್ಲಿತ್ತು. ಖಾನ್ ಮಸ್ತಾನರೊಡನೆ ಅದನ್ನು ಹಾಡಿದವರು ಅಮೀರಬಾಯಿ. ಯುದ್ಧದ ಕಾಲವಾದ್ದರಿಂದ ಗೀತೆಯಲ್ಲಿ ಜರ್ಮನಿ, ಜಪಾನುಗಳ ಹೆಸರಿತ್ತು. ಹೀಗಾಗಿ ಬ್ರಿಟಿಷ್ ಸರಕಾರದ ಪರೀಕ್ಷಕರು ಅದನ್ನು ಬಿಟ್ಟರು. ಕೇಳಿದ ಜನರಿಗೆ ಮಾತ್ರ ‘ಪರದೇಶಿ’ ಯಾರೆಂಬುದರಲ್ಲಿ ಸಂದೇಹವಿರಲಿಲ್ಲ.

ಆ 1943 ನಮ್ಮ ಭಾಗದವರಿಗೆ ಇನ್ನೊಂದು ಕಾರಣದಿಂದ ಮರೆಯಲಾಗದ ವರ್ಷ. ಬ್ಯಾಡಗಿ ತಾಲೂಕಿನ ಮೋಟೆಬೆನ್ನೂರಿನ ಮೈಲಾರ ಮಹಾದೇವಪ್ಪನವರು ಆ ವರ್ಷ ಏಪ್ರಿಲ್ 1ರಂದು ಹೊಸರಿತ್ತಿಯಲ್ಲಿ ಇಬ್ಬರು ಸಂಗಡಿಗರೊಡನೆ ಪೊಲೀಸರ ಗುಂಡಿಗೆ ಬಲಿಯಾದರು. 1930ರ ದಂಡಿಯಾತ್ರೆಯಲ್ಲಿ ಗಾಂಧೀಜಿಯವರೊಡನೆ ನಡೆದ ಏಕೈಕ ಕನ್ನಡಿಗ ತರುಣ ಅವರು. ಸಾಬರಮತಿಯಿಂದ ಆ ಯಾತ್ರೆ ಹೊರಟಾಗ ಹಾಡಿದ್ದು ಇದೇ ನರಸಿ ಮೆಹ್ತಾನ ಭಜನೆ. ನಮ್ಮ ಅಜ್ಜನವರು ಮಹಾದೇವಪ್ಪನವರ ಹೆಸರನ್ನು ಕೈಮುಗಿದೇ ಹೇಳುತ್ತಿದ್ದರು. ಅದು ಯೋಗ್ಯವೇ. ಅದೇ ಭಜನೆಯನ್ನು ಅವರ ಪಡಸಾಲೆಗೆ ತಂದುಕೊಟ್ಟ, ನಾಡು ನಮ್ಮದೆಂದು ದೇಶದ ಚಿತ್ರಮಂದಿರಗಳಲ್ಲಿ ಹಾಡಿದ ಇನ್ನೊಂದು ಹೆಸರು ಮಾತ್ರ ಅವರ ಬಾಯಿಗೆ ಬರಲಿಲ್ಲ. ಪ್ರಾಣ ಕೊಟ್ಟವರನ್ನೂ ಹಾಡಿದವರನ್ನೂ ನಾನು ಒಂದೇ ತಕ್ಕಡಿಯಲ್ಲಿ ತೂಗುತ್ತಿಲ್ಲ. ಒಬ್ಬರಿಗೆ ಸಲ್ಲುವ ಗೌರವ ಇನ್ನೊಬ್ಬರಿಗೆ ಸಲ್ಲುವುದನ್ನು ಕಡಿಮೆ ಮಾಡಬೇಕಾಗಿಲ್ಲವೆಂದಷ್ಟೇ ಹೇಳುತ್ತಿದ್ದೇನೆ.

1944ರ ‘ರತನ್’, 1947ರ ‘ಶಹನಾಯಿ’ ಮೊದಲಾದ ಚಿತ್ರಗಳ ಹಾಡುಗಳಿಂದ ಅಮೀರಬಾಯಿಯವರ ಕೀರ್ತಿ ಬೆಳೆಯಿತು. 1948ರ ‘ಶಹನಾಜ್’ ಚಿತ್ರಕ್ಕೆ ಅವರೇ ಸಂಗೀತ ನೀಡಿದರು. ಹೆಣ್ಣುಮಕ್ಕಳು ಸಂಗೀತ ನಿರ್ದೇಶನ ಮಾಡುವುದು ಅಂದಿಗೆ ಬಹು ಅಪರೂಪ. ಗೃಹಸುಖ ಮಾತ್ರ ಅವರಿಗೆ ಬೇಗ ದೊರೆಯಲಿಲ್ಲ. ಹಿಮಾಲಯವಾಲಾ ಎಂದು ಹೆಸರಾದ ನಟನೊಡನೆ ಆದ ವಿವಾಹದಲ್ಲಿ ಅವರು ಕಂಡದ್ದು ಹಿಂಸೆ. ಅದರಿಂದ ಬಿಡುಗಡೆ ಹೊಂದಿದ ಮೇಲೆ ಪತ್ರಕರ್ತ ಬದ್ರಿ ಕಾಂಚವಾಲಾ ಅವರನ್ನು ವಿವಾಹವಾದರು. 1940ರ ದಶಕದ ಕೊನೆಯಲ್ಲಿ ಲತಾ ಮಂಗೇಶಕರರ ಕಂಠ ಚಿತ್ರರಂಗವನ್ನು ತುಂಬತೊಡಗಿದಾಗ ಅವರಿಗೆ ಹಾಡುವ ಅವಕಾಶಗಳು ಕಡಿಮೆಯಾದವು. ಅವರು ದೂರುತ್ತ ಕೂರದೆ ಸಣ್ಣ ಪಾತ್ರಗಳಲ್ಲಿ ನಟಿಸುತ್ತ ದುಡಿದರು. ಗಳಿಸಿದ್ದರಲ್ಲಿ ತವರ ನಾಡನ್ನು ಮರೆಯದೆ ವಿಜಾಪುರದಲ್ಲಿ ಅಮೀರ್ ಟಾಕೀಜ್ ಕಟ್ಟಿಸಿದರು. 1965ರ ಮಾರ್ಚ್ 3ರಂದು ನಿಧನ ಹೊಂದಿದರು. ನಮ್ಮ ಮನೆಯ ತಟ್ಟೆ ಅಟ್ಟಕ್ಕೇರಿದಾಗ ಅವರು ತೀರಿಕೊಂಡು ನಾಲ್ಕು ವರ್ಷಗಳಾಗಿದ್ದವು.

ಗೋಹರಬಾಯಿಯವರ ಕಥೆ ಇನ್ನಷ್ಟು ಯೋಚನೆಗೆ ಹಚ್ಚುತ್ತದೆ. ಅವರು ಮರಾಠಿ ರಂಗಭೂಮಿಯ ಮಹಾನಟ ಬಾಲಗಂಧರ್ವರ ಕಂಪನಿಯನ್ನು ಅದು ಸಂಕಷ್ಟದಲ್ಲಿದ್ದಾಗ ಸೇರಿದರು, ಅವರ ಬಾಳಿನ ಸಂಗಾತಿಯಾದರು, ಅವರ ಮುಪ್ಪಿನಲ್ಲಿ ಆಸರೆಯಾದರು. ಬಾಲಗಂಧರ್ವರು ಗಂಡಸಾಗಿ ಹೆಣ್ಣಿನ ವೇಷ ಧರಿಸಿ ಕೀರ್ತಿ ಪಡೆದವರು. ಅವರು ಉಟ್ಟ ಸೀರೆಯ ಬಗೆಯನ್ನು ಕುಲೀನ ಮನೆತನದ ಸ್ತ್ರೀಯರು ಅನುಕರಿಸುತ್ತಿದ್ದರಂತೆ. 1964ರಲ್ಲಿ ಸರಕಾರ ಅವರಿಗೆ ಪದ್ಮಭೂಷಣವನ್ನು ಕೊಟ್ಟಿತು. ಸ್ತ್ರೀಪಾತ್ರ ಮಾಡಿದ ಪುರುಷನಿಗೆ ಸಮಾಜ ಆರತಿ ಎತ್ತಿತು. ಸ್ತ್ರೀಯಾಗಿಯೇ ರಂಗವೇರಿದವಳನ್ನು ಮಾತ್ರ ಬಹುಕಾಲ ನಿಂದಿಸಿತು. ಇದರಲ್ಲಿ ಯಾವ ನ್ಯಾಯವಿದೆಯೆಂದು ಎಷ್ಟು ಯೋಚಿಸಿದರೂ ನನಗೆ ತಿಳಿಯದು.

ನಮ್ಮ ಜಿಲ್ಲೆಯ ಹಾನಗಲ್ಲಿನ ಹೆಸರನ್ನು ಜಗತ್ತಿಗೆ ಮುಟ್ಟಿಸಿದ ಗಂಗೂಬಾಯಿಯವರು ನಟಿಯಲ್ಲ, ಗಾಯಕಿ. ಆದರೂ ಈ ಅನುಭವ ಅವರಿಗೂ ಹೊಸದಾಗಿರಲಿಲ್ಲ. 1924ರ ಬೆಳಗಾವಿ ಕಾಂಗ್ರೆಸ್ ಅಧಿವೇಶನದಲ್ಲಿ ಗಾಂಧೀಜಿಯವರ ಎದುರು ಸ್ವಾಗತಗೀತೆ ಹಾಡಿದ ಹುಡುಗಿ ಅವರು. ಹಾಡುವಾಗ ಇರದ ಅಳುಕು ಊಟದ ಹೊತ್ತಿನಲ್ಲಿ ತಮ್ಮನ್ನು ಹೇಗೆ ನಡೆಸಿಕೊಂಡಾರೋ ಎಂದು ಕಾಡಿತ್ತೆಂಬುದನ್ನು ಮುಂದೆ ಅವರೇ ನೆನೆದಿದ್ದಾರೆ. ಹಾಡಿಗೆ ವೇದಿಕೆಯುಂಟು, ಹಾಡಿದವಳಿಗೆ ಪಂಕ್ತಿಯುಂಟೋ ಇಲ್ಲವೋ ಎಂಬ ಸಂಶಯ.

ಇದು ನಮ್ಮ ದೇಶದ ದೋಷವೊಂದೇ ಎಂದು ಭಾವಿಸಬೇಕಾಗಿಲ್ಲ. ಫ್ರಾನ್ಸ್ ದೇಶದಲ್ಲಿ ಎದಿತ್ ಪಿಯಾಫ್ ಎಂಬ ಗಾಯಕಿ ಇದ್ದರು. ನಾಟಕ, ಚಲನಚಿತ್ರಗಳಲ್ಲಿಯೂ ನಟಿಸಿದವರು. 1915ರಲ್ಲಿ ಪ್ಯಾರಿಸ್ಸಿನ ಬಡತನದಲ್ಲಿ ಹುಟ್ಟಿ, ಬೀದಿಯಲ್ಲಿ ಹಾಡಿ ಹೊಟ್ಟೆ ಹೊರೆದು, ಕೊನೆಗೆ ಆ ದೇಶದ ಧ್ವನಿಯೇ ಎನಿಸಿದರು. 1963ರ ಅಕ್ಟೋಬರಿನಲ್ಲಿ ಅವರು ತೀರಿಕೊಂಡಾಗ ಪ್ಯಾರಿಸ್ಸಿನ ಬೀದಿಗಳಲ್ಲಿ ಜನಸಾಗರ ಸೇರಿತು. ಆದರೆ ಅವರ ಜೀವನಕ್ರಮ ಸರಿಯಿರಲಿಲ್ಲವೆಂದು ಅಲ್ಲಿಯ ಧರ್ಮಗುರುಗಳು ಅಂತ್ಯವಿಧಿಯ ಪೂಜೆಯನ್ನು ನಿರಾಕರಿಸಿದರು. ಸಂಪ್ರದಾಯವಂತರ ಅಗುಳಿ ಎಲ್ಲ ದೇಶಗಳಲ್ಲಿಯೂ ಒಂದೇ ಕಮ್ಮಾರನ ಕೆಲಸವಿರಬೇಕು.

ಇಲ್ಲಿಯವರೆಗೆ ಬರೆದದ್ದು ಅಜ್ಜನವರ ಮತ್ತು ಅನ್ಯರ ಮಾತಾಯಿತು. ಪರರ ದೋಷ ಎಣಿಸುವುದು ಸುಲಭ. ಈಗ ನನ್ನ ಖಾತೆಯನ್ನು ತೆರೆಯುತ್ತೇನೆ.

ನಾನು ಬಿ.ಕಾಂ. ಮುಗಿಸಿ ಅಂಗಡಿಯಲ್ಲಿ ಕುಳಿತು ಕೆಲವು ವರ್ಷಗಳಾಗಿದ್ದವು. ಬಹುಶಃ 1986. ಮೆಣಸಿನಕಾಯಿಯ ಸುಗ್ಗಿಯ ಕಾಲ, ಊರಲ್ಲಿ ಹಣ ಓಡಾಡುವ ಕಾಲ. ಒಂದು ನಾಟಕ ಕಂಪನಿ ಬಂದು ಡೇರೆ ಹಾಕಿತು. ಅದರ ಮುಖ್ಯ ನಟಿ ಚೆನ್ನಾಗಿ ಹಾಡುತ್ತಿದ್ದರು. ಗೆಳೆಯರೊಡನೆ ನಾನು ಹಲವು ಸಲ ಮುಂದಿನ ಸಾಲಿನಲ್ಲಿ ಕುಳಿತು ನೋಡಿದ್ದೆ. ಆ ವರ್ಷ ಅಕಾಲ ಮಳೆ ಹಿಡಿದು ವಾರಗಟ್ಟಲೆ ಆಟ ನಿಂತವು. ಕಂಪನಿಯ ಅಡಿಗೆಗೆ ನಮ್ಮ ಅಂಗಡಿಯಿಂದ ಅಕ್ಕಿ, ಬೇಳೆ, ಎಣ್ಣೆ ಹೋಗುತ್ತಿತ್ತು. ಬಾಕಿ ಎರಡು ಸಾವಿರಕ್ಕೆ ಬಂದಾಗ ನಾನು ಉದ್ರಿ ನಿಲ್ಲಿಸಿದೆ. ಮರುದಿನ ಆ ನಟಿ ತಾವೇ ಅಂಗಡಿಗೆ ಬಂದು, ಮಳೆ ನಿಂತೊಡನೆ ತೀರಿಸುವುದಾಗಿ ಹೇಳಿದರು. ನಾನು ಅವರ ಮುಖವನ್ನೂ ನೋಡದೆ, ಒತ್ತೆ ಇಟ್ಟರೆ ಕೊಡುವೆನೆಂದೆ. ಅವರು ಮಾತಾಡದೆ ಕೈಯ ಬಂಗಾರದ ಪಾಟ್ಲಿಗಳನ್ನು ತೆಗೆದು ಮುಂದಿಟ್ಟರು.

ಅದೇ ತಿಂಗಳು ಪರಊರಿನ ಪ್ರತಿಷ್ಠಿತ ಮನೆತನದ ವ್ಯಾಪಾರಿಯೊಬ್ಬರಿಗೆ ಮೂವತ್ತು ಚೀಲ ಕಾಯಿಯನ್ನು ಬರೀ ಬಾಯಿಮಾತಿನ ಮೇಲೆ ಕಳಿಸಿದ್ದೆ. ಆ ಹಣ ಇಂದಿಗೂ ಬಂದಿಲ್ಲ. ಕಂಪನಿ ಡೇರೆ ಕಿತ್ತುವ ದಿನ ಆ ತಾಯಿ ಬಂದು ಪೈಸೆ ಪೈಸೆ ಎಣಿಸಿ ಕೊಟ್ಟು ಪಾಟ್ಲಿಗಳನ್ನು ಬಿಡಿಸಿಕೊಂಡರು. ಹೊರಡುವಾಗ ತಿರುಗಿ, “ಆವತ್ತ ನನ್ನ ಪದಕ್ಕ ಒನ್ಸ್ ಮೋರ್ ಅಂತ ಕೂಗಿದಾವ್ರು ನೀವ ಹೌದಲ್ರೀ ಸಾವ್ಕಾರ್ರ?” ಎಂದರು. ಕೇಳಿದ್ದು ನಗುತ್ತಲೇ. ಹೌದು, ನಾನೇ. ಉತ್ತರಿಸಲು ನಾಲಿಗೆ ಏಳಲಿಲ್ಲ.

ಅಂದು ರಾತ್ರಿ ನನಗೆ ಅಟ್ಟದ ಮೇಲಿನ ತಟ್ಟೆ ನೆನಪಾಯಿತು. ಅಜ್ಜನವರು ಹಾಡನ್ನೂ ಹಾಡಿದವಳನ್ನೂ ಒಟ್ಟಿಗೇ ಹೊರಗಿಟ್ಟಿದ್ದರು. ಅದರಲ್ಲಿ ತಪ್ಪಿದ್ದರೂ ಒಂದು ಬಗೆಯ ಪ್ರಾಮಾಣಿಕತೆ ಇತ್ತು. ನಾನಾದರೋ ಹಾಡನ್ನು ಮತ್ತೊಮ್ಮೆ ಬೇಡಿ ಪಡೆದು, ಹಾಡಿದವಳಿಂದ ಒತ್ತೆ ಕೇಳಿದ್ದೆ. ಕೊಳ್ಳುವಾಗ ಒಂದು ತೂಕ, ಕೊಡುವಾಗ ಇನ್ನೊಂದು ತೂಕ.

ತೂಕ, ಅಳತೆಗಳಲ್ಲಿ ಹೆಚ್ಚುಕಡಿಮೆ ಮಾಡುವುದನ್ನು ನಮ್ಮ ಹಿರಿಯರು ಅಚೌರ್ಯಾಣುವ್ರತದ ಅತಿಚಾರಗಳಲ್ಲಿ ಎಣಿಸಿದ್ದಾರೆ. ಅದು ಬರೀ ಕಲ್ಲು ತಕ್ಕಡಿಗಳ ಮಾತೆಂದು ನಾನು ಬಹುಕಾಲ ತಿಳಿದಿದ್ದೆ. ಮನುಷ್ಯರನ್ನು ತೂಗುವ ತಕ್ಕಡಿಯೂ ಒಂದುಂಟು, ಅದರಲ್ಲಿಯೂ ಎರಡು ಬಗೆಯ ಕಲ್ಲುಗಳನ್ನಿಟ್ಟುಕೊಳ್ಳಬಾರದು ಎಂಬುದನ್ನು ಕಲಿಸಿದವರು ಆ ನಟಿ.

ನಮ್ಮ ಮಾರುಕಟ್ಟೆಯಲ್ಲಿ ಪ್ರತಿಯೊಂದು ಲಾಟಿನ ಮೇಲೂ ಒಂದು ಚೀಟಿ ಇರುತ್ತದೆ. ಕಾಯಿ ಯಾವ ರೈತನದೆಂಬುದು ಅದರಿಂದಲೇ ತಿಳಿಯಬೇಕು. ಚೀಟಿ ಕಿತ್ತರೆ ಒಬ್ಬನ ಬೆವರಿನ ಬೆಲೆ ಇನ್ನೊಬ್ಬನ ಖಾತೆಗೆ ಜಮೆಯಾಗುತ್ತದೆ. ಅದಕ್ಕೆ ಕಳವೆಂದೇ ಹೆಸರು. ಅಂದಿನ ಚಿತ್ರಗೀತೆಗಳ ಎಷ್ಟೋ ತಟ್ಟೆಗಳ ಮೇಲೆ ಹಾಡಿದವರ ಹೆಸರೇ ಇರುತ್ತಿರಲಿಲ್ಲ, ಪಾತ್ರದ ಹೆಸರಿರುತ್ತಿತ್ತು. 1949ರ ‘ಮಹಲ್’ ಚಿತ್ರದ ಪ್ರಸಿದ್ಧ ಗೀತೆಯ ತಟ್ಟೆಯ ಮೇಲೆ ಲತಾ ಅವರ ಹೆಸರಿನ ಬದಲು ‘ಕಾಮಿನಿ’ ಎಂಬ ಪಾತ್ರದ ಹೆಸರಿತ್ತು. ನಮ್ಮ ಮನೆಯ ತಟ್ಟೆಯ ಮೇಲೆ ಹೆಸರಿತ್ತು. ಅದನ್ನು ನಾವೇ ಅಟ್ಟದ ಧೂಳಿನಲ್ಲಿ ಅಡಗಿಸಿದೆವು. ಚೀಟಿ ಕೀಳುವುದಕ್ಕೂ ಇದಕ್ಕೂ ಏನು ಭೇದ?

ನಾಟಕ, ಚಲನಚಿತ್ರಗಳ ಲೋಕದಲ್ಲಿ ದೋಷಗಳಿಲ್ಲವೇ ಎಂದು ಹಿರಿಯ ಓದುಗರು ಕೇಳಬಹುದು. ಇವೆ. ಮಾರುಕಟ್ಟೆಯಲ್ಲಿಲ್ಲವೇ? ದೋಷವನ್ನು ದೋಷವೆನ್ನೋಣ. ಆದರೆ ಡೇರೆಯೊಳಗೆ ಕುಳಿತು ನೋಡಿದ ಸಾವಿರ ಗಂಡಸರು ಬೆಳಿಗ್ಗೆ ಸಭ್ಯರಾಗಿ ಅಂಗಡಿಯ ಬಾಗಿಲು ತೆರೆಯುತ್ತಾರೆ, ಕೆಟ್ಟ ಹೆಸರು ರಂಗದ ಮೇಲೆ ನಿಂತ ಒಬ್ಬಳಿಗೆ ಉಳಿಯುತ್ತದೆ. ಈ ಹಂಚಿಕೆ ಯಾವ ಲೆಕ್ಕಶಾಸ್ತ್ರದಲ್ಲಿಯೂ ಸರಿಹೊಂದುವುದಿಲ್ಲ.

ತಾಯಿಯವರ ಕೊನೆಯ ದಿನಗಳಲ್ಲಿ, ಅವರಿಗೆ ಎಪ್ಪತ್ತೇಳು ನಡೆಯುತ್ತಿದ್ದಾಗ, ನನ್ನ ಮಗ ತನ್ನ ಮೊಬೈಲಿನಲ್ಲಿ ಆ ಭಜನೆಯನ್ನು ಹುಡುಕಿ ಕೇಳಿಸಿದ. ಅವರು ಕಣ್ಣು ಮುಚ್ಚಿ ಪೂರ್ತಿ ಕೇಳಿದರು. ಮುಗಿದ ಮೇಲೆ, “ಹೆಸರು ಬರದಾರೇನು ಅದರಾಗ?” ಎಂದು ಕೇಳಿದರು. ಮಗ ಪರದೆಯ ಮೇಲಿದ್ದುದನ್ನು ಓದಿ ಹೇಳಿದ. “ಬರದಾರಲ್ಲಾ, ಆತು ಬಿಡು” ಎಂದು ಸಮಾಧಾನದಿಂದ ಮಗ್ಗುಲಾದರು. ನಲವತ್ತೈದು ವರ್ಷ ಅವರು ಅದನ್ನು ಮನಸ್ಸಿನಲ್ಲಿಟ್ಟುಕೊಂಡಿದ್ದರೆಂದು ನನಗೆ ಅಂದೇ ತಿಳಿದದ್ದು. ಆ ಅವಧಿಯಲ್ಲಿ ಒಮ್ಮೆಯಾದರೂ ಅಟ್ಟ ಹತ್ತಿ ಆ ತಟ್ಟೆಯನ್ನು ಇಳಿಸಿ ತಂದು ಅವರ ಕೈಗೆ ಕೊಡಬಹುದಿತ್ತು. ಕೊಡಲಿಲ್ಲ. ಈ ಬಾಕಿಗೆ ಗೆರೆ ಎಳೆಯಲು ಈಗ ಸಾಧ್ಯವಿಲ್ಲ.

ಅಮೀರಬಾಯಿಯವರ ಜೀವನಕಥನವನ್ನು ರಹಮತ್ ತರೀಕೆರೆಯವರು ಕನ್ನಡದಲ್ಲಿ ಬರೆದಿದ್ದಾರೆ. ಆಸಕ್ತರು ಅದನ್ನು ಓದಬೇಕು. ಪ್ರತಿವರ್ಷ ಅಕ್ಟೋಬರ್ 2ರಂದು ನಮ್ಮ ಊರುಗಳ ಶಾಲೆ, ಸಂಘಗಳಲ್ಲಿ ಆ ಭಜನೆಯನ್ನು ಹಾಡಿಸುತ್ತೇವೆ. ರಚಿಸಿದ ನರಸಿ ಮೆಹ್ತಾನ ಹೆಸರನ್ನೂ ಮೆಚ್ಚಿದ ಗಾಂಧೀಜಿಯವರ ಹೆಸರನ್ನೂ ಹೇಳುತ್ತೇವೆ. ಅದನ್ನು ನಮ್ಮ ಮನೆಗಳಿಗೆ ಮುಟ್ಟಿಸಿದ ಬೀಳಗಿಯ ಹೆಣ್ಣುಮಗಳ ಹೆಸರನ್ನೂ ಅವರ ಜೊತೆಗೆ ಒಮ್ಮೆ ಉಚ್ಚರಿಸಿದರೆ ಖರ್ಚೇನೂ ಬೀಳದು. ಹೋದ ವರ್ಷ ನನ್ನ ಮೊಮ್ಮಗಳು ಹಾಡುವ ಮೊದಲು ಹಾಗೆ ಹೇಳಿ ಹಾಡಿದಳು. ಆ ತಟ್ಟೆ ಈಗ ಅಟ್ಟದ ಮೇಲಿಲ್ಲ. ಒರೆಸಿ, ಹೆಸರು ಕಾಣುವಂತೆ, ಪಡಸಾಲೆಯಲ್ಲಿ ಅಜ್ಜನವರ ಭಾವಚಿತ್ರದ ಕೆಳಗೆ ಇಟ್ಟಿದ್ದೇನೆ.